ನಾನಲ್ಲಿರಲಿಲ್ಲ ಎಂದು ಬರೆದ ಅರ್ಜಿ

ಇಪ್ಪತ್ತೆರಡು ವರ್ಷದಿಂದ ನಾನು ಸರ್ಕಾರಿ ಆಸ್ಪತ್ರೆಯಲ್ಲಿ ನರ್ಸ್. ರಾಣೇಬೆನ್ನೂರಿಗೆ ವರ್ಗವಾಗಿ ಬಂದ ಮೇಲೆ ಹೆಚ್ಚು ದಿನ ಕಳೆದದ್ದು ಗಾಯ ಕಟ್ಟುವ ಕೋಣೆಯಲ್ಲಿ. ಹೊಡೆದಾಟದಲ್ಲಿ ಪೆಟ್ಟು ತಿಂದು ಬಂದವರ ವಿವರ ಬರೆದು ಪೊಲೀಸರಿಗೆ ತಿಳಿಸಲೆಂದು ಅಲ್ಲೊಂದು ದಪ್ಪ ರಿಜಿಸ್ಟರ್ ಇರುತ್ತದೆ. ಅದರಲ್ಲಿ ನನ್ನ ಕೈಬರಹದ ಪುಟಗಳು ಎಷ್ಟಿವೆಯೋ ನನಗೇ ಗೊತ್ತಿಲ್ಲ. ಪೆಟ್ಟು ತಿಂದ ಗಂಡಸರು ಹೊಡೆದವನ ಹೆಸರು, ಅವನಪ್ಪನ ಹೆಸರು, ಊರು ಎಲ್ಲ ಹೇಳುತ್ತಿದ್ದರು. ಹೆಂಗಸರು ಮಾತ್ರ ಜಾರಿ ಬಿದ್ದೆ ಅನ್ನುತ್ತಿದ್ದರು. ಎರಡೂ ಗಾಯಗಳ ಫರಕು ನನಗೆ ತಿಳಿಯುತ್ತಿತ್ತು. ಆದರೂ ಅವರು ಹೇಳಿದ್ದನ್ನೇ ಬರೆದುಕೊಳ್ಳುತ್ತಿದ್ದೆ.

ನನಗೊಬ್ಬಳು ತಂಗಿ, ನನಗಿಂತ ಒಂಬತ್ತು ವರ್ಷ ಚಿಕ್ಕವಳು. ಅಪ್ಪ ತೀರಿಕೊಂಡಾಗ ಅವಳಿನ್ನೂ ಮೂರನೆಯ ಇಯತ್ತೆ. ಅವ್ವ ಹಗಲೆಲ್ಲ ದುಡಿಯಲು ಹೋಗುತ್ತಿದ್ದಳು. ಹೀಗಾಗಿ ತಂಗಿಯ ತಲೆ ಬಾಚಿದ್ದು, ಪಾಟಿಯ ಮೇಲೆ ಅಕ್ಷರ ತಿದ್ದಿಸಿದ್ದು, ಹೆಸರು ಬರೆದು ಸಹಿ ಮಾಡುವುದನ್ನು ಕಲಿಸಿದ್ದು ಎಲ್ಲ ನಾನೇ. ಅವಳನ್ನು ಬ್ಯಾಡಗಿಗೆ ಕೊಟ್ಟೆವು. ಗಂಡ ಮೆಣಸಿನಕಾಯಿ ವ್ಯಾಪಾರಿಯೊಬ್ಬರ ಅಂಗಡಿಯಲ್ಲಿ ಗುಮಾಸ್ತ. ಕುಡಿತವಿಲ್ಲ, ಇಸ್ಪೀಟಿಲ್ಲ. ಮೆತ್ತಗೆ ಮಾತಾಡುವವನು, ನಮ್ಮ ಮನೆಗೆ ಬಂದರೆ ಮೊದಲು ಅವ್ವನ ಕಾಲು ಮುಟ್ಟುವವನು. ಮದುವೆಯಾದ ಮೂರನೆಯ ವರ್ಷ ತಂಗಿ ಮುಂಗೈಗೆ ಪ್ಲಾಸ್ಟರ್ ಹಾಕಿಸಿಕೊಂಡು ಬಂದಳು. ಕೇಳಿದರೆ ಬಚ್ಚಲದಾಗ ಜಾರಿದೆ ಅಂದಳು. ನಾನು ಎಕ್ಸ್‌ರೇ ನೋಡಿದೆ, ಅವಳ ಮುಖ ನೋಡಿದೆ, ಸುಮ್ಮನಾದೆ. ಈ ಮಾತನ್ನು ಮೊದಲೇ ಹೇಳಿಬಿಡಬೇಕು. ಮುಂದೆ ಆದದ್ದರಲ್ಲಿ ನನ್ನ ತಪ್ಪು ಶುರುವಾದದ್ದು ಆ ದಿನ.

ಅದಾಗಿ ನಾಲ್ಕು ವರ್ಷಕ್ಕೆ, ಅವಳಿಗೊಂದು ಹೆಣ್ಣು ಕೂಸಾದ ಮೇಲೆ, ಒಂದು ಗುರುವಾರ ಮುಂಜಾನೆ ಅವಳ ಫೋನ್ ಬಂತು. ನನಗೆ ಅಂದು ವಾರದ ರಜೆ. "ಅವ್ವನ್ನ ಕರಕೊಂಡು ಬಾ" ಅಂದಳು, ಅಷ್ಟೇ. ಯಾಕೆ ಅನ್ನುವಷ್ಟರಲ್ಲಿ ಫೋನ್ ಇಟ್ಟಿದ್ದಳು. ಅವ್ವ ನನ್ನ ಹತ್ತಿರವೇ ಇರುತ್ತಾಳೆ. ಇಬ್ಬರೂ ಸಿಕ್ಕ ಬಸ್ಸು ಹತ್ತಿ ಮೋಟೆಬೆನ್ನೂರಿನ ಮೇಲೆ ಬ್ಯಾಡಗಿಗೆ ಹೋದೆವು. ಮೆಣಸಿನಕಾಯಿ ಸುಗ್ಗಿಯ ದಿನಗಳು. ಬಸ್ಸಿಳಿದವರೆಲ್ಲ ಕೆಮ್ಮುತ್ತ ಸೀನುತ್ತ ನಡೆಯುತ್ತಿದ್ದರು. ಅವ್ವ ಮೂಗಿಗೆ ಸೆರಗು ಹಿಡಿದು ನನಗಿಂತ ಮುಂದೆ ಹೊರಟಿದ್ದಳು.

ಬಾಗಿಲು ಬರೀ ಮುಂದೆ ಮಾಡಿತ್ತು, ಚಿಲಕ ಹಾಕಿರಲಿಲ್ಲ. ಅಡಿಗೆಮನೆಯಿಂದ ಸದ್ದು ಬರುತ್ತಿತ್ತು. ಮಾತಿನ ಸದ್ದಲ್ಲ, ಪಾತ್ರೆ ಉರುಳುವ ಸದ್ದು. ಒಳಗೆ ಹೋದಾಗ ಕಂಡದ್ದು ಇಷ್ಟು: ಚಪಾತಿ ಹಿಟ್ಟು ಮಣೆಯ ಮೇಲೆ ಅರ್ಧ ಲಟ್ಟಿಸಿತ್ತು. ಅವಳ ಗಂಡ ಅವಳ ಜಡೆಯನ್ನು ಮುಷ್ಟಿಗೆ ಸುತ್ತಿಕೊಂಡು, ಉರಿಯುತ್ತಿದ್ದ ಒಲೆಯ ಕಡೆಗೆ ಅವಳ ಮುಖ ಬಗ್ಗಿಸುತ್ತಿದ್ದ. ಅವಳು ಎರಡೂ ಕೈಯಿಂದ ಕಟ್ಟೆಯನ್ನು ಒತ್ತಿ ಹಿಂದಕ್ಕೆ ಜಗ್ಗುತ್ತಿದ್ದಳು. ಬಾಯಿಂದ ಒಂದು ಚೂರೂ ಸದ್ದಿಲ್ಲ. ಆ ಸದ್ದಿಲ್ಲದ ರೂಢಿ ನೋಡಿ ನನಗೆ ತಿಳಿಯಿತು, ಇದು ಮೊದಲ ಸಲ ಅಲ್ಲವೆಂದು.

ನನ್ನ ಬೆನ್ನ ಹಿಂದೆ ನಿಂತಿದ್ದ ಅವ್ವ, "ಹೊಡಿ ಅವನ್ನ" ಅಂದಳು.

ಲಟ್ಟಣಿಗೆ ನನ್ನ ಕೈಗೆ ಹೇಗೆ ಬಂತೋ ನೆನಪಿಲ್ಲ. ಹೊಡೆದದ್ದು ನೆನಪಿದೆ. ಒಂದೇ ಏಟು. ಅವನು ನಮ್ಮ ಕಡೆ ತಿರುಗುತ್ತಿದ್ದ ಹೊತ್ತು, ಎಡಗಣ್ಣಿನ ಹುಬ್ಬಿಗೂ ಕೆನ್ನೆಯ ಎಲುಬಿಗೂ ನಡುವೆ ಬಿತ್ತು. ಎಲುಬು ಒಡೆದದ್ದು ಕೈಗೆ ತಿಳಿಯಿತು. ಜಡೆ ಬಿಟ್ಟು ಕುಸಿದು ಕೂತ. ಮರುಕ್ಷಣ ನನ್ನ ಕೈ ತನ್ನ ಕೆಲಸಕ್ಕೆ ಇಳಿಯಿತು. ಸೆರಗನ್ನು ಮಡಚಿ ಗಾಯಕ್ಕೆ ಒತ್ತಿ ಹಿಡಿದೆ, ಅವನ ತಲೆಯನ್ನು ನನ್ನ ಮೊಣಕಾಲಿಗೆ ಆನಿಸಿಕೊಂಡೆ, ತಂಗಿಗೆ ಆಟೋ ತರಲು ಹೇಳಿದೆ. ಆಟೋ ಬರುವ ತನಕ ಹಾಗೇ ಹಿಡಿದಿದ್ದೆ. ರಕ್ತ ನಿಂತಿತು. ಅವನು ಬಲಗಣ್ಣಿನಿಂದ ನನ್ನನ್ನೇ ನೋಡುತ್ತಿದ್ದ, ಬೈಯಲಿಲ್ಲ. ತಂಗಿ ಅವನನ್ನು ಆಟೋದಲ್ಲಿ ಕೂಡಿಸಿಕೊಂಡು, "ನೀ ಅವ್ವನ್ನ ಕರಕೊಂಡು ಊರಿಗೆ ಹೋಗು" ಅಂದಳು. ನಾನೂ ಬರುತ್ತೇನೆ ಅಂದರೆ ಬೇಡವೆಂದು ತಲೆಯಾಡಿಸಿದಳು.

ಅವನನ್ನು ಹಾವೇರಿಗೆ, ಅಲ್ಲಿಂದ ಹುಬ್ಬಳ್ಳಿಗೆ ಒಯ್ದರೆಂದು ಸಂಜೆಗೆ ಗೊತ್ತಾಯಿತು. ಆಸ್ಪತ್ರೆಯಿಂದ ಪೊಲೀಸರಿಗೆ ಸುದ್ದಿ ಹೋಗಿಯೇ ಹೋಗುತ್ತದೆ. ಅದು ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಮರುದಿನ ಮುಂಜಾನೆ ಡ್ಯೂಟಿಗೆ ಹೋಗದೆ, ನಮ್ಮ ಮನೆಯವರ ಜೊತೆ ಅವ್ವನನ್ನೂ ಕರೆದುಕೊಂಡು ಹಾವೇರಿಗೆ ಹೋದೆ. ಕೋರ್ಟಿನ ಹಿಂದಿನ ಓಣಿಯಲ್ಲಿ ವಕೀಲರೊಬ್ಬರ ಕಚೇರಿ. ಅರವತ್ತು ದಾಟಿದವರು, ಎದುರಿಗೆ ಕೂತವರ ಮುಖ ನೋಡದೆ ಕಿಟಕಿ ನೋಡುತ್ತ ಕೇಳುವವರು.

"ಖರೇ ಏನಾತು ಅದನ್ನ ನನಗ ಹೇಳ್ರಿ" ಅಂದರು. "ಕೋರ್ಟಿಗೆ ಏನು ಹೇಳಬೇಕು ಅನ್ನೂದನ್ನ ನಾ ನೋಡಕೋತೇನಿ."

ಎಲ್ಲ ಹೇಳಿದೆ. ಅವ್ವ ಅಂದ ಎರಡು ಶಬ್ದವನ್ನೂ ಹೇಳಿದೆ. ಅವ್ವ ತಲೆ ತಗ್ಗಿಸಿ ಕೂತಿದ್ದಳು, ಇಲ್ಲವೆನ್ನಲಿಲ್ಲ. ವಕೀಲರು ವಿವರಿಸಿದರು: ಮನೆ ಹೊಕ್ಕು ಆಯುಧದಿಂದ ಹೊಡೆದು ಎಲುಬು ಮುರಿದದ್ದು ಅಂದರೆ ಠಾಣೆಯಲ್ಲೇ ಬಿಟ್ಟುಬಿಡುವ ಕೇಸಲ್ಲ. ಹಿಡಿದರೆ ಒಳಗೆ ಹಾಕುತ್ತಾರೆ. ಸರ್ಕಾರಿ ನೌಕರರು ಎರಡು ದಿನ ಒಳಗಿದ್ದರೆ ಅಮಾನತು ತಾನಾಗಿಯೇ ಆಗುತ್ತದೆ. ಹಿಡಿಯುವ ಮೊದಲೇ ಕೋರ್ಟಿನ ಮುಂದೆ ಹೋಗಿ, ಹಿಡಿದರೂ ಬಿಡಬೇಕೆಂಬ ಆದೇಶ ತರಬೇಕು. ನಿರೀಕ್ಷಣಾ ಜಾಮೀನು ಅಂದರೆ ಅದು. ಆದೇಶ ಆಗುವ ತನಕ ಮನೆಯಲ್ಲಿ ಇರಬೇಡಿ, ಫೋನ್ ಬಂದ್ ಇಡಿ ಅಂದರು.

ಮಧ್ಯಾಹ್ನದ ಹೊತ್ತಿಗೆ ವಕೀಲರ ಕಡೆಯವರೊಬ್ಬರು ಪೊಲೀಸ್ ದೂರಿನ ಪ್ರತಿ ತಂದರು. ಅವ್ವ ಹೊರಗೆ ಬೆಂಚಿನ ಮೇಲೆ ಕೂತಿದ್ದಳು. ವಕೀಲರು ಕಾಗದವನ್ನು ನನ್ನ ಕಡೆ ಸರಿಸಿ, ಫಿರ್ಯಾದಿ ಯಾರೆಂದು ಮೊದಲು ನೋಡಿರಿ ಅಂದರು. ಕೊನೆಯ ಪುಟದ ಕೆಳಗೆ ತಂಗಿಯ ಸಹಿ ಇತ್ತು. ಝೆರಾಕ್ಸಿನಲ್ಲಿ ಮಸುಕಾಗಿದ್ದರೂ ಗುರುತು ಹತ್ತಿತು. ಕೊನೆಯ ಅಕ್ಷರದ ಬಾಲವನ್ನು ಹಿಂದಕ್ಕೆ ಎಳೆದು ಗೆರೆ ಹಾಕುವುದು ನನ್ನಿಂದ ಅವಳಿಗೆ ಬಂದದ್ದು.

ದೂರನ್ನು ಎರಡು ಸಲ ಓದಿದೆ: ನನ್ನ ಅಕ್ಕ ಮತ್ತು ತಾಯಿ ನಮ್ಮ ಮನೆಯೊಳಗೆ ಅತಿಕ್ರಮವಾಗಿ ಬಂದು, ತಾಯಿಯು ಹೊಡಿ ಎಂದು ಪ್ರಚೋದನೆ ಕೊಟ್ಟು, ಅಕ್ಕನು ಕಟ್ಟಿಗೆಯ ಬಡಿಗೆಯಿಂದ ನನ್ನ ಗಂಡನ ಮುಖಕ್ಕೆ ಹೊಡೆದು ಭಾರೀ ಗಾಯಪಡಿಸಿರುತ್ತಾರೆ. ಮೊದಲನೆಯ ಆರೋಪಿ ನಾನು, ಎರಡನೆಯ ಆರೋಪಿ ಎಪ್ಪತ್ತೊಂದು ವರ್ಷದ ನಮ್ಮವ್ವ. ಅದರಲ್ಲಿ ಸುಳ್ಳೆಂಬುದು ಒಂದು ಸಾಲೂ ಇರಲಿಲ್ಲ. ಜಡೆ ಇರಲಿಲ್ಲ, ಒಲೆ ಇರಲಿಲ್ಲ, ಅವಳೇ ಮಾಡಿದ ಫೋನ್ ಇರಲಿಲ್ಲ.

ಅವ್ವನಿಗೆ ಇದನ್ನು ಹೇಳಬೇಡಿ ಎಂದು ವಕೀಲರಿಗೂ ನಮ್ಮ ಮನೆಯವರಿಗೂ ಕೈ ಮುಗಿದು ಕೇಳಿಕೊಂಡೆ. ದೂರು ಕೊಟ್ಟವನು ಅಳಿಯ ಎಂದೇ ಅವ್ವ ತಿಳಿದಿದ್ದಳು.

ಅರ್ಜಿ ಬರೆದದ್ದು ಆ ದಿನವೇ. ಅರ್ಜಿದಾರರು ನಿರಪರಾಧಿಗಳು, ಘಟನೆ ನಡೆಯಿತೆನ್ನಲಾದ ವೇಳೆಯಲ್ಲಿ ಸ್ಥಳದಲ್ಲಿ ಇರಲೇ ಇಲ್ಲ, ಹಳೆಯ ಕೌಟುಂಬಿಕ ಮನಸ್ತಾಪದಿಂದ ಸುಳ್ಳೇ ಹೆಸರು ಸೇರಿಸಲಾಗಿದೆ ಎಂದಿತ್ತು. ಗಾಯ ಒತ್ತಿ ಹಿಡಿದದ್ದು, ರಕ್ತ ನಿಲ್ಲಿಸಿದ್ದು ಬರೆಯುವುದಿಲ್ಲವೇ ಎಂದು ಕೇಳಿದೆ. ನನಗೆ ಅದೊಂದು ಬೇಕಾಗಿತ್ತು.

ವಕೀಲರು ಮೊದಲ ಸಲ ನನ್ನ ಮುಖ ನೋಡಿದರು. "ಅಲ್ಲಿ ಇರಲೇ ಇಲ್ಲ ಅಂದ ಮ್ಯಾಲೆ ಗಾಯ ಹೆಂಗ ಒತ್ತಿ ಹಿಡದ್ರಿ, ತಂಗೀ?"

ಸಹಿ ಮಾಡಿದೆ. ಅವ್ವ ಎಡಗೈ ಹೆಬ್ಬೆಟ್ಟು ಒತ್ತಿದಳು.

ಅಲ್ಲಿಂದ ನಾವಿಬ್ಬರೂ ಗುತ್ತಲಕ್ಕೆ ಹೋದೆವು. ಅವ್ವನ ತಂಗಿ, ನಮ್ಮ ಚಿಗವ್ವ, ಅಲ್ಲಿರುತ್ತಾಳೆ. ಅವ್ವನ ಆರೋಗ್ಯ ನೆಟ್ಟಗಿಲ್ಲ, ಹವಾ ಬದಲಿಗೆ ಬಂದಿದ್ದಾರೆ ಎಂದು ಓಣಿಯಲ್ಲಿ ಹೇಳಿದಳು. ಅವ್ವ ಮುಂಜಾನೆಯಿಂದ ಸಂಜೆಯವರೆಗೆ ಮೊರ ಹಿಡಿದು ಜೋಳ ಹಸನು ಮಾಡುತ್ತಿದ್ದಳು. ಹಸನಾದ ಜೋಳವನ್ನೇ ಮತ್ತೆ ಸುರಿದುಕೊಂಡು ಕೂಡುತ್ತಿದ್ದಳು. ನಾನು ಒಳಕೋಣೆಯಲ್ಲಿ ಸುಮ್ಮನೆ ಕೂತಿರುತ್ತಿದ್ದೆ. ಬೀದಿಯಲ್ಲಿ ಮೋಟರ್‌ಸೈಕಲ್ ನಿಂತ ಸದ್ದಾದರೆ ಎದ್ದು ಬಾಗಿಲ ಹಿಂದೆ ನಿಲ್ಲುತ್ತಿದ್ದೆ.

ನಾಲ್ಕನೆಯ ದಿನ ಪಕ್ಕದ ಮನೆಯ ಅಜ್ಜನೊಬ್ಬ ಚಿಗವ್ವನಿಂದ ಎಲೆ ಅಡಿಕೆ ಕೇಳಲು ಬಂದ. ಸಕ್ಕರೆ ಕಾಯಿಲೆಯವನು, ಕಾಲಿಗೆ ಹಳೆಯ ಅರಿವೆ ಸುತ್ತಿಕೊಂಡಿದ್ದ. ವಾಸನೆ ನನ್ನ ಕೋಣೆಯ ತನಕ ಬಂತು. ತಡೆಯಲಾಗಲಿಲ್ಲ. ನೀರು ಕಾಸಿ, ಹುಣ್ಣು ತೊಳೆದು, ಕೊಳೆತ ಚರ್ಮ ತೆಗೆದು ಕಟ್ಟಿದೆ. ಮರುದಿನ ಮತ್ತಿಬ್ಬರು ಬಂದರು. ಆರನೆಯ ದಿನಕ್ಕೆ ಕಟ್ಟೆಯ ಮೇಲೆ ಐದಾರು ಮಂದಿ ಕೂತಿದ್ದರು, ರಾಣೇಬೆನ್ನೂರಿನ ನರ್ಸಕ್ಕ ಬಂದಾಳಂತ ಅನ್ನುತ್ತ. ಚಿಗವ್ವ ಅವರಿಗೆಲ್ಲ ಚಹಾ ಕೊಟ್ಟು ಕಳಿಸಿ ಒಳಗೆ ಬಂದು ನನ್ನ ಎದುರು ಕೂತಳು.

"ನೀ ತಪ್ಪು ತಿಳಕೋಬ್ಯಾಡವಾ. ಮನಿ ಮುಂದ ಮಂದಿ ಕೂಡಾಕತ್ತಾರ. ನಮಗೂ ಹೆಣ್ಣುಮಕ್ಕಳು ಅದಾರ."

ಅವಳ ಮೇಲೆ ನನಗೆ ಸಿಟ್ಟಿಲ್ಲ. ಆಗಲೂ ಇರಲಿಲ್ಲ. ಅಂದಿನಿಂದ ಹಗಲು ಹೊತ್ತು ಗಳಗನಾಥಕ್ಕೆ ಹೋಗಿ ಗುಡಿಯ ಹಿಂದೆ ಹೊಳೆಯ ಕಡೆ ಕೂತಿದ್ದು, ಕೊನೆಯ ಬಸ್ಸಿಗೆ ಮರಳುತ್ತಿದ್ದೆವು. ವರದೆ ಬಂದು ತುಂಗಭದ್ರೆಗೆ ಸೇರುವ ಜಾಗ ಅದು. ನೀರು ಕಡಿಮೆಯಾಗಿ ಮರಳು ಕಾಣುತ್ತಿತ್ತು. ದರ್ಶನಕ್ಕೆ ಬಂದವರು ತಾಯಿ ಮಗಳು ಹರಕೆಗೆ ಕೂತಿದ್ದಾರೆಂದು ತಿಳಿದಿರಬೇಕು, ಒಬ್ಬಾಕೆ ಬಾಳೆಹಣ್ಣು ಕೊಟ್ಟು ಹೋದಳು. ಒಂದು ಮಧ್ಯಾಹ್ನ ಅವ್ವ ಬುತ್ತಿ ಬಿಚ್ಚುತ್ತ, ಆಕಿಗೆ ಈಗ ಯಾರು ದಿಕ್ಕು ಅಂದಳು. ತಂಗಿಯ ಕುರಿತು. ಅವನು ಆಸ್ಪತ್ರೆಯಲ್ಲಿ, ನಾವು ಇಲ್ಲಿ, ಕೂಸನ್ನು ಕಟ್ಟಿಕೊಂಡು ಒಬ್ಬಳೇ ಏನು ಮಾಡುತ್ತಾಳೋ ಎಂದು ಕಣ್ಣೊರೆಸಿಕೊಂಡಳು. ನಾನು ನನ್ನ ರೊಟ್ಟಿಯನ್ನು ಮಡಚಿ ಬುತ್ತಿಯಲ್ಲೇ ಇಟ್ಟೆ. ದೂರು ಕೊಟ್ಟವಳು ಅವಳೇ ಎಂದು ಆಗಲೂ ಹೇಳಲಿಲ್ಲ.

ಈ ನಡುವೆ ಸರ್ಕಾರದ ವಕೀಲರು ತಕರಾರು ಸಲ್ಲಿಸಿದರು. ಗಾಯಾಳುವಿನ ಎಡಗಣ್ಣಿನ ನೋಟ ಬಹುಪಾಲು ಹೋಗಿದೆ ಎಂಬ ವೈದ್ಯರ ಪತ್ರ ಅದರೊಂದಿಗೆ ಇತ್ತು. ನಮ್ಮ ಮನೆಯವರು ಗುತ್ತಲಕ್ಕೆ ಬಂದು ಇದನ್ನು ಹೇಳಿದಾಗ ನಾನು ಬಚ್ಚಲಿಗೆ ಹೋಗಿ ವಾಂತಿ ಮಾಡಿಕೊಂಡೆ. ಆ ಎಲುಬಿನ ಹಿಂದೆ ಯಾವ ನರ ಇದೆ ಎಂದು ನನಗೆ ಗೊತ್ತು. ಗಾಯ ಒತ್ತಿ ಹಿಡಿದಾಗಲೇ ಪಾಪೆ ಬೆಳಕಿಗೆ ಕುಗ್ಗಲಿಲ್ಲವೆಂದು ಕಂಡಿತ್ತು. ಕಂಡದ್ದನ್ನು ನನಗೆ ನಾನೇ ಹೇಳಿಕೊಂಡಿರಲಿಲ್ಲ, ಅಷ್ಟೇ.

ಹದಿನಾಲ್ಕನೆಯ ದಿನ ಆದೇಶವಾಯಿತು. ಒಬ್ಬಳು ವೃದ್ಧೆ, ಒಬ್ಬಳು ಸರ್ಕಾರಿ ನೌಕರಳು, ಇಬ್ಬರೂ ಹೆಂಗಸರು, ಓಡಿಹೋಗುವವರಲ್ಲ ಎಂದು ಜಾಮೀನು ಕೊಟ್ಟಿದ್ದರು. ಷರತ್ತುಗಳಿದ್ದವು. ಹದಿನೈದು ದಿನದೊಳಗೆ ಬ್ಯಾಡಗಿ ಠಾಣೆಗೆ ಹಾಜರಾಗಬೇಕು, ಇಬ್ಬರು ಜಾಮೀನುದಾರರನ್ನು ಕೊಡಬೇಕು, ದೋಷಾರೋಪ ಪಟ್ಟಿ ಸಲ್ಲಿಸುವ ತನಕ ಪ್ರತಿ ಭಾನುವಾರ ಠಾಣೆಗೆ ಬಂದು ಸಹಿ ಮಾಡಬೇಕು. ನಮ್ಮ ಮನೆಯವರ ಜೊತೆ ಕೆಲಸ ಮಾಡುವ ಇಬ್ಬರು ತಮ್ಮ ಹೊಲದ ಪಹಣಿ ಉತಾರ ಹಿಡಿದುಕೊಂಡು ಬಂದು ನಮಗೆ ಜಾಮೀನು ನಿಂತರು. ಅವರ ಮುಖ ನೋಡಲೂ ನನಗೆ ಸಂಕೋಚವಾಗಿತ್ತು.

ಠಾಣೆಯಲ್ಲಿ ಅಧಿಕಾರಿ ಒರಟು ಮನುಷ್ಯನಲ್ಲ. ಅವ್ವನಿಗೆ ಕುರ್ಚಿ ಹಾಕಿಸಿದರು. ಹೊಡಿ ಎಂದು ಪ್ರಚೋದನೆ ಕೊಟ್ಟಿರೆಂದು ದೂರಿನಲ್ಲಿ ಬರೆಸಿದ್ದಾರೆ ಎಂದು ಅವಳಿಗೆ ತಿಳಿಸಿದರು. ಕಾಗದಪತ್ರವೆಲ್ಲ ಮುಗಿದ ಮೇಲೆ ಷರತ್ತುಗಳನ್ನು ಒಂದೊಂದಾಗಿ ಓದಿ ಹೇಳಿದರು. ನಾಲ್ಕನೆಯದು, ಫಿರ್ಯಾದಿಯನ್ನಾಗಲಿ ಸಾಕ್ಷಿದಾರರನ್ನಾಗಲಿ ನೇರವಾಗಿಯೂ ಬೇರೆಯವರ ಮೂಲಕವೂ ಸಂಪರ್ಕಿಸಬಾರದು. ಅವ್ವನಿಗೆ ತಿಳಿಯಲಿಲ್ಲವೆಂದುಕೊಂಡು ಬಿಡಿಸಿ ಹೇಳಿದರು. "ಅಂದ್ರ ನಿಮ್ಮ ಸಣ್ಣ ಮಗಳ ಜೋಡಿ ಮಾತಾಡೂ ಹಂಗಿಲ್ಲ, ಅವ್ವಾರ. ಕೇಸ್ ಕೊಟ್ಟಾಕಿ ಆಕಿನ ಅಲ್ಲ?"

ಅವ್ವ ನನ್ನ ಕಡೆ ನೋಡಿದಳು. ನಾನು ಮೇಜಿನ ಮೇಲಿನ ಕಾಗದ ನೋಡಿದೆ. ಪೊಲೀಸಪ್ಪ ಶಾಯಿಯ ಡಬ್ಬಿ ತೆರೆದು ಕಾಯುತ್ತಿದ್ದ.

"ಹೆಬ್ಬಟ್ಟು ಎಲ್ಲಿ ಒತ್ತಬೇಕ್ರಿ?" ಅಂದಳು ಅವ್ವ.

ಹೊರಗೆ ಬಂದು ಬಸ್‌ಸ್ಟ್ಯಾಂಡಿನ ತನಕ ನಡೆದೆವು. ನಾನೇ ತಡೆಯಲಾರದೆ, ನಿನಗ ಹೇಳಬೇಕಂತ ಮಾಡಿದ್ದೆ ಎಂದು ಶುರುಮಾಡಿದೆ. ಅವ್ವ ಕೈ ಎತ್ತಿ ತಡೆದಳು. "ಆಕಿ ಕೊಟ್ಟಿದ್ದಕ್ಕ ನನಗೇನೂ ಅನಸವಲ್ದು. ಅಲ್ಲೇ ಬಾಳೇ ಮಾಡಬೇಕು, ಬ್ಯಾರೆ ಏನು ಮಾಡ್ಯಾಳು. ಹೊಡಿ ಅಂತ ನಾ ಅಂದೆನಲ್ಲ, ಅದನ್ನ ಬರಿಸ್ಯಾಳ. ಅದನ್ನ ಬಿಡಬಹುದಿತ್ತು." ಇಷ್ಟು ಹೇಳಿ ಹೆಬ್ಬೆಟ್ಟಿನ ಶಾಯಿಯನ್ನು ಗೋಡೆಗೆ ಒರೆಸತೊಡಗಿದಳು. ಹೋಗಲಿಲ್ಲ.

ಇಪ್ಪತ್ತಮೂರು ಭಾನುವಾರ ಬ್ಯಾಡಗಿಗೆ ಹೋದೆವು. ಠಾಣೆಯಿಂದ ಎರಡು ಓಣಿ ದಾಟಿದರೆ ತಂಗಿಯ ಮನೆ. ಅತ್ತ ಹಾಯಲಿಲ್ಲ. ಒಂದು ಭಾನುವಾರ ಸಂತೆಯ ಚೀಲ ಹಿಡಿದು, ಮಗಳ ಕೈ ಹಿಡಿದುಕೊಂಡು ಅವಳೇ ಎದುರಿಗೆ ಬಂದಳು. ಹಿಂದೆ ಕಪ್ಪು ಕನ್ನಡಕ ಹಾಕಿಕೊಂಡು ಅವನಿದ್ದ. ಕೂಸು ಅಜ್ಜಿಯನ್ನು ಗುರುತು ಹಿಡಿದು ಕೈ ಬಿಡಿಸಿಕೊಳ್ಳಲು ನೋಡಿತು. ತಂಗಿ ಅದನ್ನು ಎತ್ತಿ ಹೆಗಲಿಗೆ ಹಾಕಿಕೊಂಡು ರಸ್ತೆಯ ಆಚೆ ಬದಿಗೆ ದಾಟಿದಳು. ಕೋರ್ಟಿನ ಷರತ್ತು ಮುರಿಯಬಾರದೆಂದು ದಾಟಿದಳೋ, ಗಂಡನಿಗೆ ಅಂಜಿ ದಾಟಿದಳೋ, ಅವತ್ತು ನನಗೆ ತಿಳಿಯಲಿಲ್ಲ.

ನನ್ನ ಕೆಲಸ ಉಳಿಯಿತು. ಇಲಾಖೆಯ ವಿಚಾರಣೆ ಆಗಿ, ವರ್ಷದ ಸಂಬಳ ಬಡ್ತಿ ತಡೆಹಿಡಿದರು. ಗಾಯದ ಕೋಣೆಯಿಂದ ನನ್ನನ್ನು ತೆಗೆಯಬೇಕೆಂದು ನಾನೇ ಬರೆದುಕೊಟ್ಟೆ. ಈಗ ಲಸಿಕೆಯ ಕೆಲಸದಲ್ಲಿದ್ದೇನೆ.

ಕೇಸು ನಡೆದದ್ದು ಮೂರು ವರ್ಷ. ಅಷ್ಟರಲ್ಲಿ ಬ್ಯಾಡಗಿಯ ಹಿರಿಯರು ನಾಲ್ಕು ಮಂದಿ ನಡುವೆ ಬಿದ್ದರು. ಒಲೆಯ ಮಾತನ್ನು ನಾವು ಎಲ್ಲಿಯೂ ಎತ್ತಬಾರದು, ಕರೆಯದೆ ಆ ಮನೆಯ ಹೊಸ್ತಿಲು ತುಳಿಯಬಾರದು, ಹಾಗಿದ್ದರೆ ತಂಗಿ, ಅವಳ ಗಂಡ ಇಬ್ಬರೂ ನಮ್ಮ ವಿರುದ್ಧ ಸಾಕ್ಷಿ ಹೇಳುವುದಿಲ್ಲ ಎಂದು ಮಾತಾಯಿತು. ಅವನು ಕಟಕಟೆಯಲ್ಲಿ ನಿಂತು, ಅವಸರದಲ್ಲಿ ತಿರುಗುವಾಗ ಬಾಗಿಲ ಚೌಕಟ್ಟು ಬಡೀತು ಅಂದ. ತಂಗಿ ಹಿತ್ತಲದಲ್ಲಿ ಅರಿವೆ ಒಗೆಯುತ್ತಿದ್ದೆ, ಏನೂ ನೋಡಿಲ್ಲ ಅಂದಳು. ದೂರಿನ ಸಹಿ ನಿಮ್ಮದಲ್ಲವೇ ಎಂದು ಸರ್ಕಾರದ ವಕೀಲರು ಕೇಳಿದರು. ಬರೆದಿದ್ದರು, ಸಹಿ ಮಾಡು ಅಂದರು, ಮಾಡಿದೆ ಅಂದಳು. ನಮ್ಮ ಬಿಡುಗಡೆಯಾಯಿತು. ಕೋರ್ಟಿನ ಕಾಗದದ ಪ್ರಕಾರ ಆ ಹೊತ್ತಿಗೆ ಆ ಅಡಿಗೆಮನೆಯಲ್ಲಿ ಅವನೊಬ್ಬನನ್ನು ಬಿಟ್ಟು ಯಾರೂ ಇರಲಿಲ್ಲ.

ತೀರ್ಪಿನ ದಿನ ಅವನು ಹಿರಿಯರ ಜೊತೆ ಚಹಾ ಕುಡಿಯಲು ಹೋಗಿದ್ದಾಗ ತಂಗಿ ತಾನಾಗಿ ನನ್ನ ಹತ್ತಿರ ಬಂದಳು. ಮೂರು ವರ್ಷದ ಮೇಲೆ ಮೊದಲ ಮಾತು. ತಲೆಯಲ್ಲಿ ಬಿಳಿ ಕೂದಲು ಬಂದಿದ್ದವು. ಹುಬ್ಬಳ್ಳಿಯ ಆಸ್ಪತ್ರೆಯಲ್ಲಿ ಅವನ ಅಣ್ಣಂದಿರು ತನ್ನ ಕೂಸನ್ನು ಎತ್ತಿಕೊಂಡು ನಿಂತಿದ್ದರು, ದೂರಿಗೆ ಸಹಿ ಮಾಡದಿದ್ದರೆ ಕೂಸನ್ನು ಕೊಡುತ್ತಿರಲಿಲ್ಲ ಎಂದು ಹೇಳಿದಳು. ನಾನು ಅದನ್ನೆಲ್ಲ ಕೇಳಬೇಕೆಂದು ಬಂದವಳಲ್ಲ. ನನಗೆ ಒಂದೇ ಕೇಳುವುದಿತ್ತು.

"ಈಗ ಹೊಡಿತಾನೇನು?"

ಅವನು ಹೋದ ಕಡೆ ಒಮ್ಮೆ ನೋಡಿ ಹೇಳಿದಳು. "ಮೊದಲಿನಂಗ ಇಲ್ಲ. ಎಡಗಡೆ ಕಾಣೂದಿಲ್ಲ ಅವಗ. ಸಿಟ್ಟು ಬಂದಾಗ ನಾ ಆ ಕಡೆ ನಿಂದರತೇನಿ."

ನನ್ನ ಕೈ ಹಿಡಿದುಕೊಳ್ಳಲು ಬಂದಳು, ಅಷ್ಟರಲ್ಲಿ ಅವರು ಚಹಾ ಮುಗಿಸಿ ಹೊರಬಂದರು. ಅವಳು ಹೋಗಿ ಅವನ ಎಡಕ್ಕೆ ನಿಂತು, ಮೆಟ್ಟಿಲು ಇಳಿಯುವಾಗ ರಟ್ಟೆ ಹಿಡಿದು ಇಳಿಸಿದಳು.

ಈಗ ವರ್ಷಕ್ಕೆ ಎರಡು ಸಲ, ಪಂಚಮಿಗೂ ದೀಪಾವಳಿಗೂ, ಮಗಳನ್ನು ಕರೆದುಕೊಂಡು ರಾಣೇಬೆನ್ನೂರಿಗೆ ಬರುತ್ತಾಳೆ. ಅವನು ಬಸ್‌ಸ್ಟ್ಯಾಂಡಿನ ತನಕ ಬಿಟ್ಟು ಹೋಗುತ್ತಾನೆ, ಮನೆಗೆ ಬರುವುದಿಲ್ಲ. ಅವ್ವ ಅವಳ ತಲೆಗೆ ಎಣ್ಣೆ ಹಚ್ಚುತ್ತಾಳೆ. ಮೊಮ್ಮಗಳ ಶಾಲೆ, ಓಣಿಯ ನೀರು, ಜೋಳದ ಹಿಟ್ಟು, ಏನೇನೋ ಮಾತಾಡುತ್ತೇವೆ. ಅವಳು ಬಂದ ದಿನ ಅಡಿಗೆಮನೆಗೆ ನಾನು ಅವಳನ್ನು ಬಿಡುವುದಿಲ್ಲ. ಊಟಕ್ಕೆ ಕೂತಾಗ ಅವಳ ತೋಳಿನ ಮೇಲೆ, ಕತ್ತಿನ ಹಿಂದೆ ನನ್ನ ಕಣ್ಣು ಹಾಯುತ್ತದೆ. ಅವಳಿಗೆ ಅದು ಗೊತ್ತು. ಉದ್ದ ತೋಳಿನ ಕುಪ್ಪಸ ತೊಟ್ಟು ಬರುತ್ತಾಳೆ.